ಹನೋಯ್‌ನ ಸಂಜೆ ತಿಂಡಿ ಟೂರ್: ಸಸ್ಯಾಹಾರಿಗಳು ಇರುವ ಮನೆಯವರು ಹೋಗಬಹುದೇ?

ಪ್ರಶ್ನೆ: ಡಿಸೆಂಬರಿನಲ್ಲಿ ನಾವು ನಾಲ್ವರು ವಿಯೆಟ್ನಾಂಗೆ ಹೋಗುತ್ತಿದ್ದೇವೆ. ಮೊದಲು ಹನೋಯ್, ಆಮೇಲೆ ಹಾ ಲಾಂಗ್ ಕೊಲ್ಲಿ, ಅಲ್ಲಿಂದ ಡಾ ನಾಂಗ್. ಹೋಟೆಲಿನವರು ಸಂಜೆ ಮೂರು ತಾಸಿನ ಸ್ಟ್ರೀಟ್ ಫುಡ್ ಟೂರ್ ಇದೆ, ತಲೆಗೆ 28 ಡಾಲರ್, ಬುಕ್ ಮಾಡಲೇ ಎಂದು ಕೇಳುತ್ತಿದ್ದಾರೆ. ನಾನು ಸಸ್ಯಾಹಾರಿ, ಮೊಟ್ಟೆ ತಿನ್ನುತ್ತೇನೆ. ಅತ್ತೆಗೆ ಮೊಟ್ಟೆಯೂ ಆಗದು, ಈರುಳ್ಳಿ ಬೆಳ್ಳುಳ್ಳಿಯೂ ಅಷ್ಟಕ್ಕಷ್ಟೆ, ಜೊತೆಗೆ ಮೊಣಕಾಲು ನೋವು. ಯಜಮಾನರು ಮತ್ತು ಹದಿನಾರು ವರ್ಷದ ಮಗ ಹೊರಗಡೆ ಕೋಳಿ, ಮೀನು ತಿನ್ನುತ್ತಾರೆ. ದನ, ಹಂದಿ ಬೇಡ. ಬೀದಿ ತಿಂಡಿಗೆ ಅಷ್ಟು ದುಡ್ಡು ಕೊಟ್ಟು ಗೈಡ್ ಬೇಕೇ? ನಾವೇ ಸುತ್ತಿದರೆ ಆಗದೇ? ಹೊಟ್ಟೆ ಕೆಟ್ಟರೆ ಏನು ಗತಿ?
– ಒಬ್ಬ ಓದುಗರು, ದಾವಣಗೆರೆ

ಉತ್ತರ: ಗೈಡ್ ಬೇಕು ಮೇಡಂ. ಆದರೆ ಹೋಟೆಲಿನವರು ತೋರಿಸುತ್ತಿರುವ ಟೂರ್ ನಿಮ್ಮ ಮನೆಯವರಿಗೆ ಹೊಂದುವಂಥದ್ದಲ್ಲ.

ಹನೋಯ್‌ನ ಹಳೇ ಪೇಟೆಯಲ್ಲಿ ಸಂಜೆ ಐದೂವರೆ, ಆರರ ಹೊತ್ತಿಗೆ ಹೊರಡುವ ಗುಂಪು ಟೂರ್‌ಗಳ ತಿಂಡಿ ಪಟ್ಟಿ ಹೆಚ್ಚುಕಡಿಮೆ ಒಂದೇ ಇರುತ್ತದೆ. ಮೊದಲು ಬುನ್ ಚಾ, ಅಂದರೆ ಇದ್ದಿಲ ಮೇಲೆ ಸುಟ್ಟ ಹಂದಿ ಮಾಂಸ, ಜೊತೆಗೆ ಅಕ್ಕಿ ಶಾವಿಗೆ. ಅದರ ಪಕ್ಕದಲ್ಲೇ ನೆಮ್ ಎಂಬ ಕರಿದ ಸುರುಳಿ, ಒಳಗೆ ಹಂದಿ ಕೈಮಾ. ಆಮೇಲೆ ಪಪ್ಪಾಯಿಕಾಯಿ ತುರಿದು ಮಾಡಿದ ಸಲಾಡ್, ಮೇಲೆ ಒಣಗಿಸಿದ ದನದ ಮಾಂಸ. ಬಾನ್ ಕುವೋನ್ ಎಂದರೆ ನಮ್ಮ ನೀರುದೋಸೆಯಷ್ಟು ತೆಳುವಾದ ಅಕ್ಕಿ ಹಾಳೆ. ಒಳಗೆ ಮತ್ತೆ ಹಂದಿ ಕೈಮಾ, ಕಪ್ಪು ಅಣಬೆ. ಬಾನ್ ಮಿ ಬ್ರೆಡ್ಡಿನೊಳಗೆ ಲಿವರ್ ಪೇಸ್ಟ್ ಸವರಿರುತ್ತಾರೆ. ಫೋ ಎಂದರೆ ಸಾಮಾನ್ಯವಾಗಿ ದನದ ಮೂಳೆಯನ್ನು ತಾಸುಗಟ್ಟಲೆ ಕುದಿಸಿದ ಸಾರು. ಕೊನೆಗೆ ಎಗ್ ಕಾಫಿ. ಈ ಪಟ್ಟಿಯನ್ನು ಎದುರಿಗಿಟ್ಟುಕೊಂಡು ನಿಮ್ಮ ನಾಲ್ವರ ಹೆಸರು ಬರೆದು ನೋಡಿ. ಅತ್ತೆಯವರಿಗೆ ಏನೂ ಇಲ್ಲ, ನಿಮಗೆ ಒಂದು ಲೋಟ ಕಾಫಿ, ಯಜಮಾನರಿಗೂ ಮಗನಿಗೂ ಅಷ್ಟೇ. 112 ಡಾಲರ್ ಕೊಟ್ಟು ಮೂರು ಗಂಟೆ ಬೇರೆಯವರು ತಿನ್ನುವುದನ್ನು ನೋಡಿಕೊಂಡು ಬಂದ ಹಾಗಾಗುತ್ತದೆ.

'ವೆಜಿಟೇರಿಯನ್ ಓಕೆ' ಎಂದು ಜಾಹೀರಾತಿನಲ್ಲಿ ಬರೆದಿರುತ್ತದೆ, ನಿಜ. ಹತ್ತು ಜನರ ಗುಂಪಿನಲ್ಲಿ ಅದರ ಅರ್ಥ, ಎಲ್ಲರಿಗೂ ಬಂದ ತಟ್ಟೆಯಿಂದ ಮಾಂಸ ತೆಗೆದು ನಿಮಗೆ ಕೊಡುತ್ತಾರೆ ಎಂದಷ್ಟೇ. ಬಡಿಸುವವರ ಕಣ್ಣಿಗೆ ಅದು ಸಸ್ಯಾಹಾರವೇ. ಇದರಲ್ಲಿ ಮೋಸವಿಲ್ಲ, ಅಲ್ಲಿನ ಅಡುಗೆಯ ಕ್ರಮವೇ ಹಾಗೆ. ಮಾಂಸ ಕಣ್ಣಿಗೆ ಕಾಣುತ್ತದೆ, ತೆಗೆಯಬಹುದು. ಕಾಣದೆ ಇರುವುದು ಮೂರು: ಸಾರು, ಕೊಬ್ಬು, ಮತ್ತು ಮೀನಿನ ಸಾಸ್.

ಮೀನಿನ ಸಾಸ್, ಅವರ ಮಾತಿನಲ್ಲಿ ನ್ಯುವಕ್ ಮಮ್, ಸಣ್ಣ ಮೀನನ್ನು ಉಪ್ಪಿನಲ್ಲಿ ತಿಂಗಳುಗಟ್ಟಲೆ ಕೊಳೆಹಾಕಿ ತೆಗೆದ ತಿಳಿ ಕಂದು ರಸ. ನಾವು ಉಪ್ಪು ಹಾಕುವ ಜಾಗದಲ್ಲಿ ಅವರು ಅದನ್ನು ಹಾಕುತ್ತಾರೆ. ಸಲಾಡಿನ ಹುಳಿ ರಸದಲ್ಲಿ, ಅದ್ದಿಕೊಳ್ಳುವ ಬಟ್ಟಲಿನಲ್ಲಿ, ಸೊಪ್ಪಿನ ಪಲ್ಯದಲ್ಲಿ, ಎಲ್ಲೆಲ್ಲೂ ಅದೇ. ತೋಫು ಮತ್ತು ಶಾವಿಗೆಯ ತಟ್ಟೆ ನೋಡಿ ಇದೊಂದಾದರೂ ನಮ್ಮದು ಎಂದು ಕೂತರೆ, ಪಕ್ಕದಲ್ಲಿ ನೇರಳೆ ಬಣ್ಣದ ಗಟ್ಟಿ ಚಟ್ನಿಯ ಬಟ್ಟಲು ಬರುತ್ತದೆ. ಅದು ಮಮ್ ತೋಮ್, ಸಿಗಡಿಯನ್ನು ಹುದುಗಿಸಿ ಮಾಡಿದ್ದು. ವಾಸನೆ ಮಾರು ದೂರಕ್ಕೆ ಹೊಡೆಯುತ್ತದೆ, ಹಾಗಾಗಿ ಅದರಿಂದ ಯಾರೂ ಮೋಸಹೋಗುವುದಿಲ್ಲ. ಆದರೆ ಅಂಟಕ್ಕಿಯ ಮೇಲೆ ಸುರಿದ ಹಂದಿ ಕೊಬ್ಬಿಗೋ ಕೋಳಿ ಕೊಬ್ಬಿಗೋ ವಾಸನೆ ಇರುವುದಿಲ್ಲ. ಮೇಲೆ ಉದುರಿಸಿದ ಹುರಿದ ಈರುಳ್ಳಿಯನ್ನು ಅದೇ ಕೊಬ್ಬಿನಲ್ಲಿ ಹುರಿದಿರಬಹುದು. ತೋಫು ಕರಿದ ಎಣ್ಣೆಯಲ್ಲೇ ಹಂದಿಯ ಉಂಡೆಯನ್ನೂ ಕರಿದಿರಬಹುದು. ಇದನ್ನೆಲ್ಲ ಮಾರುವವಳಿಗೆ ಅವಳ ಭಾಷೆಯಲ್ಲಿ, ಮುಖ ಮುರಿಯದ ಹಾಗೆ ಕೇಳಲು ಆ ಊರಿನವರೇ ಬೇಕು. ಫೋನಿನ ಅನುವಾದ ಆ್ಯಪ್ 'ಮಾಂಸ ಬೇಡ' ಎಂಬುದನ್ನು ಚೆನ್ನಾಗಿ ಹೇಳುತ್ತದೆ. 'ನಿಮ್ಮ ಬಾಣಲೆಯ ಎಣ್ಣೆ ಯಾವುದು' ಎಂದು ಅದು ಕೇಳಿದರೆ, ಕೈತುಂಬ ಕೆಲಸವಿರುವ ಹೆಂಗಸು ನಿಮ್ಮನ್ನೊಮ್ಮೆ, ಫೋನನ್ನೊಮ್ಮೆ ನೋಡಿ ಮುಂದಿನ ಗಿರಾಕಿಯ ಕಡೆ ತಿರುಗುತ್ತಾಳೆ.

ಗೈಡ್ ಬೇಕು ಎಂದದ್ದು ಮುಖ್ಯವಾಗಿ ಇದಕ್ಕೆ.

ಹಾಗಾದರೆ ಸಸ್ಯಾಹಾರಿಗಳಿಗೆ ಹನೋಯ್ ಕಷ್ಟದ ಊರೇ ಎಂದು ಕೇಳಿದರೆ, ಅಲ್ಲ. ವಿಯೆಟ್ನಾಂನಲ್ಲಿ ಬೌದ್ಧ ಸಸ್ಯಾಹಾರದ ಗಟ್ಟಿ ಪರಂಪರೆ ಇದೆ. ಅದಕ್ಕೆ ಚಯ್ ಎನ್ನುತ್ತಾರೆ. 'ಅನ್ ಚಯ್' ಎಂದರೆ ಸಸ್ಯಾಹಾರ ಉಣ್ಣುವುದು. ಈ ಎರಡು ಪದ ಕಲಿತರೆ ಅರ್ಧ ಕೆಲಸ ಆದಂತೆ, ಏಕೆಂದರೆ ಚಯ್ ಅಡುಗೆಯಲ್ಲಿ ಮೀನಿನ ಸಾಸೂ ಇಲ್ಲ, ಮೂಳೆ ಸಾರೂ ಇಲ್ಲ. ಕಟ್ಟುನಿಟ್ಟಾದ ಬೌದ್ಧ ಪದ್ಧತಿಯಲ್ಲಿ ಈರುಳ್ಳಿ, ಬೆಳ್ಳುಳ್ಳಿಯನ್ನೂ ಬಿಡುತ್ತಾರೆ. ನಿಮ್ಮ ಅತ್ತೆಯವರಿಗೆ ಹನೋಯ್‌ನಲ್ಲಿ ನಂಬಿ ಉಣ್ಣುವ ಜಾಗ ಎಂದರೆ ಇದೇ. ಎಲ್ಲ ಅಂಗಡಿಗಳೂ ಅಷ್ಟು ಕಟ್ಟುನಿಟ್ಟಲ್ಲ, ಕೇಳಿಯೇ ಕೂರಬೇಕು. 'ಕೋಮ್ ಚಯ್' ಎಂಬ ಬೋರ್ಡ್ ಕಂಡರೆ ಅಲ್ಲಿ ಸಸ್ಯಾಹಾರಿ ಊಟ ಸಿಗುತ್ತದೆ. ಒಳಗೆ ಹೋದಮೇಲೆ ಮೆನುವಿನಲ್ಲಿ ಕೋಳಿ, ಬಾತುಕೋಳಿ, ಸಿಗಡಿ ಎಂದೆಲ್ಲ ಕಂಡು ಅತ್ತೆಯವರು ಎದ್ದು ನಿಲ್ಲುವುದು ಬೇಡ. ಅವೆಲ್ಲ ಸೋಯಾ, ಗೋಧಿಯ ಅಂಟು, ಅಣಬೆಗಳಿಂದ ಮಾಡಿದ ಸೋಗಿನ ಮಾಂಸ. ನನಗೇನೋ ಅದರ ರುಚಿ ಹಿಡಿಸಿಲ್ಲ. ಸಾದಾ ತೋಫು, ಅಣಬೆ, ಸೊಪ್ಪಿನ ಅಡುಗೆಯೇ ವಾಸಿ.

ಇನ್ನೊಂದು ವಿಷಯ ನಮ್ಮವರಿಗೆ ಬೇಗ ಹೊಂದುತ್ತದೆ. ಚಾಂದ್ರಮಾನ ತಿಂಗಳ 1ನೇ ಮತ್ತು 15ನೇ ದಿನ ಅಲ್ಲಿ ಅನೇಕರು ಚಯ್ ಮಾಡುತ್ತಾರೆ, ಪಗೋಡಕ್ಕೆ ಹೋಗಿ ಊದುಬತ್ತಿ ಹಚ್ಚಿ ಬರುತ್ತಾರೆ. 15 ಎಂದರೆ ಹುಣ್ಣಿಮೆ. 1 ನಮ್ಮ ಅಮಾವಾಸ್ಯೆಯ ಆಸುಪಾಸಿಗೆ ಬರುತ್ತದೆ. ಪಂಚಾಂಗ ತೆಗೆದು ನಿಮ್ಮ ಹನೋಯ್ ದಿನಗಳಲ್ಲಿ ಹುಣ್ಣಿಮೆ ಬೀಳುತ್ತದೆಯೇ ನೋಡಿ, ಒಂದು ದಿನ ಹಿಂದುಮುಂದಾಗಬಹುದು. ಬಿದ್ದರೆ ಟೂರ್ ಅದೇ ಸಂಜೆಗೆ ಇಟ್ಟುಕೊಳ್ಳಿ. ಅವತ್ತು ಚಯ್ ಅಂಗಡಿಗಳಲ್ಲಿ ಊರಿನ ಜನರೇ ತುಂಬಿರುತ್ತಾರೆ, ಅಡುಗೆ ಬಿಸಿಬಿಸಿ ಇರುತ್ತದೆ, 'ಚಯ್' ಎಂದು ಕೇಳಿದರೆ ಯಾರೂ ವಿಚಿತ್ರವಾಗಿ ನೋಡುವುದಿಲ್ಲ.

ಈಗ ನಾನಾಗಿದ್ದರೆ ನಿಮ್ಮ ಸಂಜೆಯನ್ನು ಹೇಗೆ ಕಟ್ಟುತ್ತಿದ್ದೆ ಎಂದು ಹೇಳುತ್ತೇನೆ. ನಾಲ್ವರಿಗೇ ಒಬ್ಬ ಗೈಡ್ ಇರುವ ಪ್ರೈವೇಟ್ ಟೂರ್ ತೆಗೆದುಕೊಳ್ಳಿ. ಗುಂಪು ಟೂರ್‌ಗಿಂತ ದರ ಹೆಚ್ಚು, ಆದರೆ ನಾಲ್ವರಿದ್ದಾಗ ತಲೆಗೆ ಬೀಳುವ ವ್ಯತ್ಯಾಸ ಅಷ್ಟೇನೂ ದೊಡ್ಡದಲ್ಲ. ಸಸ್ಯಾಹಾರಿಗಳಿಗೆಂದೇ ಟೂರ್ ನಡೆಸುವವರೂ ಹನೋಯ್‌ನಲ್ಲಿ ಇದ್ದಾರೆ, ಆದರೆ ಅದನ್ನು ತೆಗೆದುಕೊಂಡರೆ ಯಜಮಾನರೂ ಮಗನೂ ಮುಖ ಸಣ್ಣ ಮಾಡುತ್ತಾರೆ. ಪ್ರೈವೇಟ್ ಆದರೆ ಒಂದೇ ಬೀದಿಯ ಆಚೆಬದಿ ಅವರಿಗೆ, ಈಚೆಬದಿ ನಿಮಗೆ.

ಮೊದಲ ನಿಲುಗಡೆ ಒಂದು ಚಯ್ ಅಂಗಡಿಯಾಗಲಿ. ಅತ್ತೆಯವರು ಅಲ್ಲಿ ಸರಿಯಾದ ಕುರ್ಚಿಯಲ್ಲಿ ಕೂತು ಅಣಬೆ, ತರಕಾರಿ ಸಾರಿನ ಚಯ್ ಫೋ ಒಂದು ಬಟ್ಟಲು ಉಣ್ಣಲಿ. ಹೊಟ್ಟೆ ಅರ್ಧ ತುಂಬಿದ್ದರೆ ಮುಂದಿನ ಎರಡು ಗಂಟೆ ಯಾರಿಗೂ ಆತಂಕವಿಲ್ಲ. ಯಜಮಾನರು, ಮಗ ಅಲ್ಲಿ ಕೈ ತಡೆದುಕೊಳ್ಳಬೇಕು, ಅವರದ್ದು ಮುಂದಿದೆ. ಕೋಳಿ ಸಾರಿನ ಫೋ ಗಾ ಮಾರುವ ಅಂಗಡಿಗಳು ಹಳೇ ಪೇಟೆಯಲ್ಲಿ ಬೇಕಾದಷ್ಟಿವೆ. ಕೋಳಿಯದ್ದನ್ನು ಮಾತ್ರ ಮಾಡುವ ಅಂಗಡಿಗೇ ಕರೆದೊಯ್ಯಲು ಹೇಳಿ. ಎರಡೂ ಮಾರುವ ಕಡೆ ಸೌಟು ಅದಲುಬದಲಾಗುತ್ತದೆ. ಮೀನಿಗೆ ಚಾ ಕಾ ಇದೆ. ಅರಿಸಿನ ಹಚ್ಚಿದ ಮೀನಿನ ತುಂಡುಗಳನ್ನು ಮೇಜಿನ ಮೇಲೇ ಸಣ್ಣ ಒಲೆಯಿಟ್ಟು, ಸಬ್ಬಸಿಗೆ ಸೊಪ್ಪನ್ನು ಹಿಡಿಹಿಡಿಯಾಗಿ ಸುರಿದು ಹುರಿಯುತ್ತಾರೆ. ಸಬ್ಬಸಿಗೆಯ ಆ ಘಮ ದಾವಣಗೆರೆಯವರಿಗೆ ಹೊಸದೇನಲ್ಲ. ಈ ತಿನಿಸಿನ ಹೆಸರಿನ ಬೀದಿಯೇ ಹಳೇ ಪೇಟೆಯಲ್ಲಿದೆ. ಕೂತು ಉಣ್ಣುವ ಹೋಟೆಲಾದ್ದರಿಂದ ಬೆಲೆ ಹೆಚ್ಚು, ಹಾಗಾಗಿ ಹೆಚ್ಚಿನ ಟೂರ್‌ಗಳ ಪಟ್ಟಿಯಲ್ಲಿ ಇರುವುದಿಲ್ಲ. ಬೇಕೆಂದು ಕೇಳಿ ಸೇರಿಸಿಕೊಳ್ಳಬೇಕು. ಶೇಂಗಾ, ಶಾವಿಗೆ ಜೊತೆಗೆ ಬರುತ್ತವೆ. ಸಿಗಡಿ ಚಟ್ನಿಯೂ ಬರುತ್ತದೆ, ಮಗ ಧೈರ್ಯವಂತನಾದರೆ ನಾಲಿಗೆಗೆ ಮುಟ್ಟಿಸಲಿ.

ಬಾನ್ ಕುವೋನ್ ತಿನ್ನದಿದ್ದರೂ ಮಾಡುವುದನ್ನು ನಿಂತು ನೋಡಿ. ಕುದಿಯುವ ಪಾತ್ರೆಯ ಬಾಯಿಗೆ ಬಟ್ಟೆ ಬಿಗಿದು, ಅದರ ಮೇಲೆ ಅಕ್ಕಿ ಹಿಟ್ಟು ಹರವಿ, ಮುಚ್ಚಳ ಹಾಕಿ ತೆಗೆದು, ಬಿದಿರಿನ ಕಡ್ಡಿಯಿಂದ ಹಾಳೆಯನ್ನು ಹರಿಯದಂತೆ ಎತ್ತುತ್ತಾರೆ. ಹೂರಣವಿಲ್ಲದೆ ಸಾದಾ ಹಾಳೆ ಕೇಳಬಹುದು. ಗೈಡ್ ಹೇಳಿದರೆ ಮೀನಿನ ಸಾಸಿನ ಬದಲು ಸೋಯಾ ಸಾಸ್ ಕೊಡುತ್ತಾರೆ, ಮೇಲಿನ ಹುರಿದ ಈರುಳ್ಳಿ ಬಿಡಿಸಿಕೊಳ್ಳಿ. ಬಾನ್ ಮಿ ಬ್ರೆಡ್ ನಿಮಗೆ ಮೊಟ್ಟೆ ಹಾಕಿಸಿ, ಲಿವರ್ ಪೇಸ್ಟ್ ಬೇಡವೆಂದು ಹೇಳಿ ತಿನ್ನಬಹುದು.

ಸಸ್ಯಾಹಾರಿಯ ನಿಜವಾದ ಹಬ್ಬ ಇರುವುದು ಸಿಹಿಯಲ್ಲಿ. ಡಿಸೆಂಬರಿನ ಹನೋಯ್ ಸಂಜೆ 15ರಿಂದ 18 ಡಿಗ್ರಿಯವರೆಗೆ ಇಳಿಯುತ್ತದೆ, ಸ್ವೆಟರ್ ಬೇಕಾಗುವ ಹವೆ. ಆಗಿನ ತಿಂಡಿ ಎಂದರೆ ಬಾನ್ ಚೋಯ್ ತಾವ್. ಅಂಟಕ್ಕಿ ಹಿಟ್ಟಿನ ಉಂಡೆಯೊಳಗೆ ಕರಿ ಎಳ್ಳು ಅಥವಾ ಹೆಸರುಬೇಳೆ ಹೂರಣ, ಸುತ್ತ ಬಿಸಿ ಶುಂಠಿ ಪಾಕ, ಮೇಲೆ ತೆಂಗಿನ ತುರಿ, ಶೇಂಗಾ. ಹಾಂಗ್ ಝಯ್ ಬೀದಿ ಇದಕ್ಕೆ ಹೆಸರುವಾಸಿ. ಅತ್ತೆಯವರಿಗೆ ಒಂದು ಬಟ್ಟಲು ಸಾಲದೆ ಹೋಗಬಹುದು. ಚೆ ಎಂಬ ಇನ್ನೊಂದು ಬಗೆ ಇದೆ. ಕಾಳು, ಕಮಲದ ಬೀಜ, ತೆಂಗಿನ ಹಾಲು ಸೇರಿಸಿ ಮಾಡುವ ಪಾಯಸದಂಥ ಸಿಹಿ. ಬಿಸಿಯೂ ಸಿಗುತ್ತದೆ, ಐಸ್ ಹಾಕಿದ್ದೂ ಸಿಗುತ್ತದೆ. ಜೆಲ್ಲಿ ಚೂರುಗಳಿದ್ದರೆ ಏತರದ್ದೆಂದು ಕೇಳಿ, ಸಾಮಾನ್ಯವಾಗಿ ಕಡಲಪಾಚಿಯದ್ದು. ತೋ ತಿಕ್ ಎಂಬ ಪುಟ್ಟ ಓಣಿಯಲ್ಲಿ ಹೆಚ್ಚಿದ ಹಣ್ಣಿಗೆ ಮಂದ ಸಿಹಿ ಹಾಲು ಸುರಿದು ಕೊಡುತ್ತಾರೆ. ದಾರಿಯ ಬದಿಯಲ್ಲಿ ಇದ್ದಿಲ ಮೇಲೆ ಸುಟ್ಟ ಗೆಣಸು, ಮುಸುಕಿನ ಜೋಳ ಚಳಿಗಾಲದಲ್ಲಿ ಎಲ್ಲೆಲ್ಲೂ ಇರುತ್ತದೆ, ಅದನ್ನು ಯಾರಿಗೂ ವಿವರಿಸಿ ಕೇಳಬೇಕಾಗಿಲ್ಲ. ಹ್ವಾನ್ ಕಿಯೆಮ್ ಕೆರೆಯ ಬಳಿಯ ಚಾಂಗ್ ತಿಯೆನ್ ಬೀದಿಯಲ್ಲಿ 1958ರಿಂದ ನಡೆಯುತ್ತಿರುವ ಐಸ್‌ಕ್ರೀಂ ಅಂಗಡಿಯಿದೆ. ಚಳಿಯಲ್ಲೂ ಊರಿನವರು ಅಲ್ಲಿ ನಿಂತು ತಿನ್ನುತ್ತಾರೆ. ಹಸಿರು ಎಳೆ ಅಕ್ಕಿಯ ರುಚಿಯದ್ದು ಕೇಳಿ.

ಕಾಫಿಯ ಬಗ್ಗೆ ಸ್ವಲ್ಪ ಹೆಚ್ಚು ಹೇಳುತ್ತೇನೆ, ಏಕೆಂದರೆ ಹೆಚ್ಚಿನ ಟೂರ್‌ಗಳು ಅಲ್ಲೇ ಮುಗಿಯುತ್ತವೆ. ಎಗ್ ಕಾಫಿ ಹುಟ್ಟಿದ್ದು 1946ರ ಸುಮಾರಿಗೆ. ಮೆಟ್ರೊಪೋಲ್ ಹೋಟೆಲಿನಲ್ಲಿ ಕೆಲಸ ಮಾಡುತ್ತಿದ್ದ ನ್ಗುಯೆನ್ ವಾನ್ ಜಾಂಗ್ ಎಂಬವರು, ಊರಲ್ಲಿ ಹಾಲು ಸಿಗದ ಕಾಲದಲ್ಲಿ, ಮೊಟ್ಟೆಯ ಹಳದಿಯನ್ನು ಸಕ್ಕರೆಯೊಂದಿಗೆ ನೊರೆ ಬರುವಂತೆ ಬಡಿದು ಕಾಫಿಯ ಮೇಲೆ ಹಾಕಿದರು. ಅವರ ಹೆಸರಿನ ಕೆಫೆಯನ್ನು ಮನೆಯವರು ಇವತ್ತಿಗೂ ಹಳೇ ಪೇಟೆಯ ಒಂದು ಸಂದಿಯಲ್ಲಿ ನಡೆಸುತ್ತಿದ್ದಾರೆ. ನೊರೆ ಗಟ್ಟಿ, ಸಿಹಿ, ಮೊಟ್ಟೆ ವಾಸನೆ ಅಷ್ಟಾಗಿ ಇಲ್ಲ. ಕಪ್ಪನ್ನು ಬಿಸಿನೀರಿನ ಬಟ್ಟಲಲ್ಲಿಟ್ಟು ತರುತ್ತಾರೆ. ಹಳದಿ ಪೂರ್ತಿ ಬೆಂದಿರುವುದಿಲ್ಲ ಎಂಬುದು ನೆನಪಿರಲಿ. ನೀವು ಕುಡಿದು ನೋಡಿ, ಅತ್ತೆಯವರಿಗೆ ತೆಂಗಿನ ಹಾಲಿನ ಕಾಫಿ ಹೇಳಿ. ವಿಯೆಟ್ನಾಂನವರದ್ದು ಬಹುತೇಕ ರೊಬಸ್ಟಾ. ಬ್ರೆಜಿಲ್ ಬಿಟ್ಟರೆ ಜಗತ್ತಿನಲ್ಲಿ ಅತಿ ಹೆಚ್ಚು ಕಾಫಿ ಬೆಳೆಯುವವರು ಅವರೇ. ಅಲ್ಲಿನ ಬೆಳೆ ಹೆಚ್ಚೂಕಡಿಮೆಯಾದರೆ ನಮ್ಮ ಕೊಡಗಿನಲ್ಲೂ ರೊಬಸ್ಟಾ ದರ ಏರಿಳಿಯುತ್ತದೆ. ಫಿನ್ ಎಂಬ ಸಣ್ಣ ಲೋಹದ ಫಿಲ್ಟರನ್ನು ಲೋಟದ ಮೇಲಿಟ್ಟು ಹನಿಹನಿಯಾಗಿ ಇಳಿಸಿದ ಡಿಕಾಕ್ಷನ್ ನಮ್ಮದಕ್ಕಿಂತ ಕಡಕ್. ರಾತ್ರಿ ಎಂಟರ ಮೇಲೆ ಪೂರ್ತಿ ಲೋಟ ಕುಡಿದರೆ ನಿದ್ದೆಯ ಆಸೆ ಬಿಡಬೇಕು.

ತಿಂಡಿಯ ಮಾತು ಬಿಟ್ಟರೆ ಗೈಡ್ ಇನ್ನೇನು ಕೊಡುತ್ತಾನೆ? 'ಮೂವತ್ತಾರು ಬೀದಿ' ಎಂದು ಕರೆಯುವ ಹಳೇ ಪೇಟೆಯ ಅನೇಕ ಬೀದಿಗಳಿಗೆ ಹಿಂದೆ ಅಲ್ಲಿ ಮಾರುತ್ತಿದ್ದ ಸರಕಿನ ಹೆಸರೇ ಇದೆ. ಹಾಂಗ್ ಬಾಕ್ ಬೆಳ್ಳಿಯವರ ಬೀದಿ, ಹಾಂಗ್ ಮಾ ಎಂದರೆ ಪಿತೃಗಳಿಗೆ ಸುಡುವ ಕಾಗದದ ಸಾಮಾನು ಮಾರುವ ಬೀದಿ; ಇವತ್ತೂ ಅಲ್ಲಿ ಅದೇ ವ್ಯಾಪಾರ. ಲಾನ್ ಓಂಗ್ ಬೀದಿಗೆ ಕಾಲಿಟ್ಟರೆ ಒಣಬೇರು, ಗಿಡಮೂಲಿಕೆಯ ವಾಸನೆ. ಅಮೆರಿಕದ ಜೊತೆ ಯುದ್ಧ ನಡೆಯುತ್ತಿದ್ದಾಗ ಸರ್ಕಾರಿ ಅಂಗಡಿಗಳಲ್ಲಿ ಮಾಂಸವಿಲ್ಲದ ಫೋ ಕೊಡುತ್ತಿದ್ದರಂತೆ. ತಲೆಯ ಮೇಲೆ ಹಾರುತ್ತಿದ್ದ ಪೈಲಟ್ ಇಲ್ಲದ ಅಮೆರಿಕನ್ ವಿಮಾನಗಳನ್ನು ನೆನೆದು ಜನ ಅದಕ್ಕೆ 'ಪೈಲಟ್ ಇಲ್ಲದ ಫೋ' ಎಂದು ಹೆಸರಿಟ್ಟರು. 1986ರ ಆರ್ಥಿಕ ಸುಧಾರಣೆಯ ಮೇಲೆ ಖಾಸಗಿ ವ್ಯಾಪಾರಕ್ಕೆ ದಾರಿ ಬಿಟ್ಟ ನಂತರವೇ ಫುಟ್‌ಪಾತ್‌ಗಳು ಹೀಗೆ ತುಂಬಿಕೊಂಡದ್ದು. ಒಳ್ಳೆಯ ಗೈಡ್ ಇಂಥದ್ದನ್ನು ತನ್ನ ಅಜ್ಜಿಯ ರೇಷನ್ ಚೀಟಿಯ ಕಥೆಯೊಂದಿಗೆ ಹೇಳುತ್ತಾನೆ. ಸಾಧಾರಣ ಗೈಡ್, 2016ರಲ್ಲಿ ಒಬಾಮ ಬುನ್ ಚಾ ತಿಂದ ಅಂಗಡಿಯ ಕಥೆ ಹೇಳಿ ಫೋನ್ ನೋಡುತ್ತ ನಿಲ್ಲುತ್ತಾನೆ.

ದುಡ್ಡಿನ ಲೆಕ್ಕ. ಒಂದು ರೂಪಾಯಿಗೆ ಸುಮಾರು 300 ಡಾಂಗ್. ಬೆಲೆಯ ಕೊನೆಯ ಮೂರು ಸೊನ್ನೆ ಅಳಿಸಿ ಮೂರರಿಂದ ಗುಣಿಸಿ, ಸ್ವಲ್ಪ ಮೇಲೆ ಹಾಕಿದರೆ ರೂಪಾಯಿ ಸಿಗುತ್ತದೆ. ಫೋ ಬಟ್ಟಲು 50ರಿಂದ 70 ಸಾವಿರ, ಬಾನ್ ಮಿ 25ರಿಂದ 40 ಸಾವಿರ, ಚೆ ಅಥವಾ ಕಾಫಿ 30ರಿಂದ 45 ಸಾವಿರ ಡಾಂಗ್. ಅಂದರೆ ನೀವೇ ತಿಂದುಕೊಂಡರೆ ತಲೆಗೆ 600, 700 ರೂಪಾಯಿಯಲ್ಲಿ ಹೊಟ್ಟೆ ಬಿರಿಯುತ್ತದೆ. 28 ಡಾಲರ್‌ನಲ್ಲಿ ಮುಕ್ಕಾಲು ಪಾಲು ಗೈಡ್‌ನ ಸಮಯಕ್ಕೂ ಏಜೆನ್ಸಿಗೂ ಹೋಗುವಂಥದ್ದು. ಅದು ತಪ್ಪಲ್ಲ, ಆದರೆ ಒಂದು ಸಂಜೆಗೆ ಸಾಕು. ಹನೋಯ್‌ಗೆ ಕಾಲಿಟ್ಟ ಮೊದಲ ಪೂರ್ತಿ ಸಂಜೆಯೇ ಟೂರ್ ಮಾಡಿ, ಎಲ್ಲಿ ಏನು, ಎಷ್ಟು ಬೆಲೆ, ಹೇಗೆ ಕೇಳಬೇಕು ಎಂಬುದನ್ನು ಕಲಿತುಕೊಳ್ಳಿ. ಮರುದಿನ ಅದೇ ಅಂಗಡಿಗಳಿಗೆ ನೀವೇ ಹೋಗಿ. ಕೊನೆಯ ರಾತ್ರಿಗೆ ಇಟ್ಟುಕೊಂಡರೆ ಕಲಿತದ್ದು ಯಾತಕ್ಕೂ ಬರುವುದಿಲ್ಲ. ಮತ್ತೆ, ಹಾ ಲಾಂಗ್ ಹಡಗಿನ ಹಿಂದಿನ ರಾತ್ರಿ ಖಂಡಿತ ಬೇಡ. ಹೊಟ್ಟೆ ಮುನಿಸಿಕೊಂಡರೆ ಎರಡೂವರೆ ಗಂಟೆಯ ಬಸ್ ಪ್ರಯಾಣ ಯಾರಿಗೂ ಬೇಡವಾಗುತ್ತದೆ.

ನೋಟಿನ ಬಗ್ಗೆ ಒಂದು ಎಚ್ಚರಿಕೆ: 20,000 ಮತ್ತು 5,00,000 ಡಾಂಗ್ ಎರಡೂ ನೀಲಿ ಛಾಯೆಯವು. ಮಬ್ಬು ಬೆಳಕಿನಲ್ಲಿ ಒಂದರ ಬದಲು ಇನ್ನೊಂದು ಕೊಟ್ಟರೆ 70 ರೂಪಾಯಿಯ ಜಾಗದಲ್ಲಿ 1,600ಕ್ಕೂ ಹೆಚ್ಚು ಹೋಯಿತು. ದೊಡ್ಡ ನೋಟನ್ನು ಬೇರೆ ಜೇಬಿನಲ್ಲಿಡಿ.

ಇನ್ನು ಹೊಟ್ಟೆಯ ವಿಷಯ. ಜನ ಭಯಪಡುವುದು ಬೀದಿಯಲ್ಲಿ ಬೇಯಿಸಿದ ತಿಂಡಿಗೆ. ಹೊಟ್ಟೆ ಕೆಡಿಸುವುದು ಹೆಚ್ಚಾಗಿ ಬೇಯಿಸದೆ ಇರುವುದು. ಕಣ್ಣೆದುರು ಕುದಿಯುವ ಸಾರು, ಈಗಷ್ಟೇ ಬಾಣಲೆಯಿಂದ ತೆಗೆದದ್ದು ಸಾಮಾನ್ಯವಾಗಿ ಕ್ಷೇಮ. ಹನೋಯ್‌ನ ಅಂಗಡಿಗಳು ಹೆಚ್ಚಾಗಿ ಒಂದೇ ತಿಂಡಿ ಮಾಡುತ್ತವೆ, ಅಂದಿನದ್ದು ಅಂದೇ ಖಾಲಿಯಾಗುತ್ತದೆ, ಇದು ನಮಗೆ ಅನುಕೂಲ. ಎಚ್ಚರಿಕೆ ಬೇಕಾದದ್ದು ತಟ್ಟೆ ತುಂಬ ಕೊಡುವ ಹಸಿ ಸೊಪ್ಪಿಗೆ, ಬೆಳಗಿನಿಂದ ಮೇಜಿನ ಮೇಲೆ ತೆರೆದಿಟ್ಟ ಚಟ್ನಿ ಬಾಟಲಿಗೆ, ಮೊದಲೇ ಹೆಚ್ಚಿಟ್ಟ ಹಣ್ಣಿಗೆ. ಸೊಪ್ಪನ್ನು ಕುದಿಯುವ ಸಾರಿನಲ್ಲಿ ಅದ್ದಿ ತಿನ್ನಿ. ನಡುವೆ ತೂತಿರುವ ಕೊಳವೆಯಾಕಾರದ ಐಸ್ ಕಾರ್ಖಾನೆಯದು, ತಕ್ಕಮಟ್ಟಿಗೆ ನಂಬಬಹುದು. ದೊಡ್ಡ ಗಡ್ಡೆಯಿಂದ ಕುಟ್ಟಿದ ಪುಡಿ ಐಸ್ ಬೇಡ. ನಲ್ಲಿ ನೀರು ಬೇಡವೇ ಬೇಡ. ಓಆರ್‌ಎಸ್ ಪ್ಯಾಕೆಟ್‌ಗಳನ್ನು ಊರಿನಿಂದಲೇ ಒಯ್ಯಿರಿ. ಅತ್ತೆಯವರ ವಯಸ್ಸಿನವರು ಟೈಫಾಯ್ಡ್, ಹೆಪಟೈಟಿಸ್ ಎ ಲಸಿಕೆಯ ಬಗ್ಗೆ ಹೊರಡುವ ತಿಂಗಳು ಮೊದಲೇ ವೈದ್ಯರನ್ನು ಕೇಳುವುದು ಒಳ್ಳೆಯದು. ಲೇಬಲ್ ಇಲ್ಲದ ಬಾಟಲಿಯಿಂದ ಅಕ್ಕಿ ಸಾರಾಯಿ ಯಾರು ಪ್ರೀತಿಯಿಂದ ಬಗ್ಗಿಸಿದರೂ ಯಜಮಾನರು ಬೇಡ ಎನ್ನಲಿ. ಬಿಯಾ ಹೋಯ್ ಎಂಬ ಅಂದಂದಿನ ಬಿಯರ್ ಬೇರೆ ಮಾತು. ಅದು ತೆಳು, ಅಗ್ಗ. ತಾ ಹಿಯೆನ್ ಬೀದಿಯಲ್ಲಿ ಅದಕ್ಕಾಗಿಯೇ ಜಾತ್ರೆ ಸೇರುತ್ತದೆ. ಮಗನಿಗೆ ಇನ್ನೂ ಎರಡು ವರ್ಷ ಕಾಯುವುದಿದೆ. ಅಲ್ಲೂ ಕಾನೂನಿನ ವಯಸ್ಸು 18.

ನೀವು ಕೇಳಿಲ್ಲ, ಆದರೆ ನಮ್ಮವರು ಪಿಸುಮಾತಿನಲ್ಲಿ ಕೇಳುವ ಪ್ರಶ್ನೆ: ನಾಯಿ ಮಾಂಸ ಬೆರೆಸಿರುತ್ತಾರಾ? ಇಲ್ಲ. ಅದಕ್ಕೆ ಬೋರ್ಡ್ ಹಾಕಿದ ಪ್ರತ್ಯೇಕ ಅಂಗಡಿಗಳಿವೆ, ಬೆಲೆಯೂ ಹೆಚ್ಚು, ಬೇರೆ ತಿಂಡಿಯಲ್ಲಿ ಕದ್ದು ಹಾಕುವಂಥ ಸರಕಲ್ಲ. ಹನೋಯ್ ನಗರಾಡಳಿತವೇ 2018ರಲ್ಲಿ ಅದನ್ನು ತಿನ್ನುವುದನ್ನು ಬಿಡಿ ಎಂದು ಜನರನ್ನು ಕೇಳಿಕೊಂಡಿತ್ತು.

ಅತ್ತೆಯವರ ಮೊಣಕಾಲು ಸಣ್ಣ ವಿಷಯವಲ್ಲ. ಫುಟ್‌ಪಾತ್ ಅಂಗಡಿಗಳಲ್ಲಿ ಕೂರುವುದು ಒಂದಡಿ ಎತ್ತರದ ಪ್ಲಾಸ್ಟಿಕ್ ಸ್ಟೂಲಿನ ಮೇಲೆ; ಕೂತವರನ್ನು ಎಬ್ಬಿಸಲು ಇಬ್ಬರು ಬೇಕಾಗುತ್ತದೆ. ಎರಡು ಸ್ಟೂಲ್ ಒಂದರ ಮೇಲೊಂದು ಇಟ್ಟು ಕೊಡಿ ಎಂದರೆ ನಗುತ್ತಲೇ ಕೊಡುತ್ತಾರೆ. ಫುಟ್‌ಪಾತ್ ತುಂಬ ಬೈಕು ನಿಲ್ಲಿಸಿರುವುದರಿಂದ ನಡೆಯುವುದು ರಸ್ತೆಯಲ್ಲೇ. ಟೂರ್‌ಗಳ ನಡಿಗೆ ಒಟ್ಟು ಎರಡು, ಮೂರು ಕಿಲೋಮೀಟರ್. ನಿಲುಗಡೆಗಳನ್ನು ನಾಲ್ಕಕ್ಕೆ ಇಳಿಸಿ, ನಡುವಿನ ದಾರಿಗೆ ಸೈಕಲ್ ರಿಕ್ಷಾ, ಅಲ್ಲಿನವರ ಸಿಕ್ಲೊ, ಮಾಡಿಕೊಡಲು ಹೇಳಿ. ಬಾಡಿಗೆಯನ್ನು ಗೈಡ್ ಮೊದಲೇ ಮಾತಾಡಲಿ. ಬೀದಿ ಬದಿಯಲ್ಲಿ ಶೌಚಾಲಯ ಸಿಗುವುದು ಕಷ್ಟ, ಕೆಫೆಯ ನಿಲುಗಡೆಯನ್ನು ಕೊನೆಗೆ ಬಿಡದೆ ಮಧ್ಯಕ್ಕೆ ತಂದುಕೊಳ್ಳಿ. ರಸ್ತೆ ದಾಟುವಾಗ ಬೈಕುಗಳ ಹೊಳೆ ನಿಲ್ಲಲಿ ಎಂದು ಕಾದರೆ ಬೆಳಗಾಗುತ್ತದೆ. ಒಂದೇ ನಿಧಾನ ಗತಿಯಲ್ಲಿ ನಡೆಯಬೇಕು, ನಡುವೆ ನಿಲ್ಲಬಾರದು, ಹಿಂದೆ ಹೆಜ್ಜೆ ಇಡಲೇಬಾರದು. ಸವಾರರು ನಿಮ್ಮ ಗತಿ ನೋಡಿ ಸುತ್ತು ಹಾಕುತ್ತಾರೆ.

ವಾರದ ದಿನವೇ ಆರಿಸಿ. ಶುಕ್ರವಾರ ಸಂಜೆಯಿಂದ ಭಾನುವಾರ ರಾತ್ರಿವರೆಗೆ ಹ್ವಾನ್ ಕಿಯೆಮ್ ಕೆರೆಯ ಸುತ್ತ ವಾಹನ ಬಂದ್ ಮಾಡುತ್ತಾರೆ, ದೋಂಗ್ ಸ್ವಾನ್ ಮಾರುಕಟ್ಟೆಯ ಕಡೆ ರಾತ್ರಿ ಸಂತೆ ಕೂರುತ್ತದೆ. ಕೆರೆ ಸುತ್ತ ಅಡ್ಡಾಡಲು ಅದು ಚೆಂದ, ಆದರೆ ತಿಂಡಿ ಅಂಗಡಿಗಳಲ್ಲಿ ಜಾಗವಿರುವುದಿಲ್ಲ. ಬೈಕ್ ಹಿಂದೆ ಕೂರಿಸಿಕೊಂಡು ಹೋಗುವ ಟೂರ್‌ಗಳೂ ಇವೆ, ಹೋ ಚಿ ಮಿನ್ ಸಿಟಿಯಲ್ಲಿ ಅವೇ ಹೆಚ್ಚು. ಹನೋಯ್‌ನ ಹಳೇ ಪೇಟೆ ಚಿಕ್ಕದು, ಅದರ ಅಗತ್ಯವಿಲ್ಲ. ಮಗ ಹಟ ಮಾಡಿದರೆ ಹೆಲ್ಮೆಟ್ ಇದೆಯೇ, ನಿಮ್ಮ ಪ್ರವಾಸ ವಿಮೆ ಬೈಕ್ ಸವಾರಿಯನ್ನು ಒಳಗೊಂಡಿದೆಯೇ ಎಂದು ನೋಡಿ ಒಪ್ಪಿಕೊಳ್ಳಿ.

ನೀವೇ ಸುತ್ತುವ ದಿನ ಇಬ್ಬರಿಂದ ದೂರವಿರಿ. ಬುಟ್ಟಿಯಲ್ಲಿ ಸಿಹಿ ವಡೆಯಂಥದ್ದು ಹೊತ್ತ ಹೆಂಗಸು ಕೇಳುವ ಮುಂಚೆಯೇ ಪೊಟ್ಟಣ ಕಟ್ಟಿ ಕೈಗಿಟ್ಟು, ಆಮೇಲೆ ಬಾಯಿಗೆ ಬಂದ ಬೆಲೆ ಹೇಳುತ್ತಾಳೆ. ಇನ್ನೊಬ್ಬ ನಿಮ್ಮ ಚಪ್ಪಲಿಗೆ ತಾನಾಗಿಯೇ ಗೋಂದು ಹಚ್ಚಲು ಬಗ್ಗುತ್ತಾನೆ. ಎರಡಕ್ಕೂ ನಿಲ್ಲದೆ ನಡೆಯುವುದೇ ಮದ್ದು. ಅಂಗಡಿಯಲ್ಲಿ ಮೇಜಿನ ಮೇಲಿಟ್ಟ ಒದ್ದೆ ಟಿಶ್ಯೂ ಬಿಚ್ಚಿದರೆ ಎರಡು, ಮೂರು ಸಾವಿರ ಡಾಂಗ್ ಬಿಲ್ಲಿಗೆ ಸೇರುತ್ತದೆ. ಅದು ಮೋಸವಲ್ಲ, ಪದ್ಧತಿ.

ಡಾ ನಾಂಗ್‌ಗೆ ಹೋಗುವವರಾದ್ದರಿಂದ ಒಂದು ಸಲಹೆ. ಅಲ್ಲಿಂದ ಸುಮಾರು ನೂರು ಕಿಲೋಮೀಟರ್ ದೂರದ ಹ್ವೆ ಹಳೆಯ ರಾಜಧಾನಿ, ಪಗೋಡಗಳ ಊರು, ಚಯ್ ಅಡುಗೆಗೆ ಇಡೀ ದೇಶದಲ್ಲಿ ಹೆಸರುವಾಸಿ. ಒಂದು ದಿನ ಬಿಡುವಾದರೆ ಅತ್ತೆಯವರಿಗಾಗಿ ಹೋಗಿ ಬನ್ನಿ.

ಗೈಡ್ ಆರಿಸುವ ಬಗೆ ಇಷ್ಟೇ. ವಿಯೆಟ್ನಾಂನಲ್ಲಿ ಗೈಡ್‌ಗಳಿಗೆ ಪ್ರವಾಸೋದ್ಯಮ ಇಲಾಖೆಯ ಕಾರ್ಡ್ ಇರಬೇಕು, ಆ ದೇಶದ ನಾಗರಿಕರಿಗೆ ಮಾತ್ರ ಅದು ಸಿಗುತ್ತದೆ. ಇದೆಯೇ ಎಂದು ಕೇಳಿ. ಆಮೇಲೆ ಏಜೆನ್ಸಿಗೆ ನಾನು ಕೆಳಗೆ ಬರೆದದ್ದನ್ನು ಇಂಗ್ಲಿಷಿನಲ್ಲಿ ಕಳಿಸಿ. 'ನೋ ಪ್ರಾಬ್ಲಂ' ಎಂದಷ್ಟೇ ಉತ್ತರ ಬಂದರೆ ಬೇರೆಯವರನ್ನು ಹುಡುಕಿ. 'ಅಂಟಕ್ಕಿಗೆ ಕೊಬ್ಬು ಹಾಕುತ್ತಾರೆ, ಅದನ್ನು ಬಿಡೋಣ. ಈ ಅಂಗಡಿಯಲ್ಲಿ ಸೋಯಾ ಸಾಸ್ ಸಿಗುತ್ತದೆ' ಎಂದು ಅವರಾಗಿಯೇ ಬರೆದರೆ ಮುಂಗಡ ಕಟ್ಟಬಹುದು.

ಸಂದೇಶ: "ನಾವು ನಾಲ್ವರು, ನಮಗಷ್ಟೇ ಗೈಡ್ ಬೇಕು. ಇಬ್ಬರು ಪೂರ್ತಿ ಚಯ್: ಮಾಂಸ, ಮೀನು, ಮೀನಿನ ಸಾಸ್, ಸಿಗಡಿ ಚಟ್ನಿ, ಮೂಳೆ ಸಾರು, ಪ್ರಾಣಿ ಕೊಬ್ಬು ಯಾವುದೂ ಬೇಡ, ಅವರಲ್ಲಿ ಒಬ್ಬರಿಗೆ ಮೊಟ್ಟೆ ಆಗುತ್ತದೆ, ಹಿರಿಯರೊಬ್ಬರಿಗೆ ಮೊಟ್ಟೆ, ಈರುಳ್ಳಿ, ಬೆಳ್ಳುಳ್ಳಿ ಬೇಡ. ಇನ್ನಿಬ್ಬರು ಕೋಳಿ, ಮೀನು ತಿನ್ನುತ್ತಾರೆ. ದನ, ಹಂದಿ ಬೇಡ, ಅವುಗಳ ಸಾರೂ ಬೇಡ. ಹಿರಿಯರಿಗೆ ಮೊಣಕಾಲು ನೋವಿದೆ, ಕುರ್ಚಿ ಮತ್ತು ಸಿಕ್ಲೊ ಬೇಕು. ನಾಲ್ಕು ನಿಲುಗಡೆ ಸಾಕು. ಪ್ರತಿ ನಿಲುಗಡೆಯಲ್ಲಿ ಯಾರಿಗೆ ಏನು ಸಿಗುತ್ತದೆ ಎಂಬ ಪಟ್ಟಿಯನ್ನು, ಹಿಂದಿನ ದಿನದವರೆಗೆ ರದ್ದು ಮಾಡಿದರೆ ಹಣ ವಾಪಸು ಕೊಡುವಿರಾ ಎಂಬುದನ್ನು ದಯವಿಟ್ಟು ಬರೆದು ತಿಳಿಸಿ."